ಆರೋಪ ಬಿತ್ತರಿಸಿದ ಹೊತ್ತಿನಲ್ಲೇ ತಿದ್ದುಪಡಿಯೂ ಬರಲಿ

ನ್ಯಾಯಾಲಯಕ್ಕಿಂತ ಮೊದಲೇ ಟಿ.ವಿ. ವಾಹಿನಿಗಳು ತೀರ್ಪು ಕೊಡುವ ಚಾಳಿಗೆ ಕಡಿವಾಣ ಬೀಳಬೇಕು. 2020ರಲ್ಲಿ ನಟ ಸುಶಾಂತ್ ಸಿಂಗ್ ರಜಪೂತ್ ಅವರ ಸಾವಿನ ಬಳಿಕ ನಟಿ ರಿಯಾ ಚಕ್ರವರ್ತಿ ಅವರನ್ನು ತಿಂಗಳುಗಟ್ಟಲೆ ಅಪರಾಧಿಯಂತೆ ಬಿಂಬಿಸಲಾಯಿತು. (ರಾತ್ರಿ ಒಂಬತ್ತಕ್ಕೆ ಆ ಕೂಗಾಟ ನೋಡುತ್ತಾ ಕುಳಿತವರಲ್ಲಿ ನಾನೂ ಒಬ್ಬ.) ಮಾಧ್ಯಮ ವಿಚಾರಣೆಯು ನ್ಯಾಯದಾನಕ್ಕೆ ಅಡ್ಡಿಯೆಂದು ಬಾಂಬೆ ಹೈಕೋರ್ಟ್ 2021ರ ಜನವರಿಯಲ್ಲೇ ಹೇಳಿತು. 2025ರ ಮಾರ್ಚ್‌ನಲ್ಲಿ ಸುಶಾಂತ್ ಸಾವಿನ ಪ್ರಕರಣದಲ್ಲಿ ಸಿಬಿಐ ಮುಕ್ತಾಯ ವರದಿ, ಅಂದರೆ ಯಾರ ಮೇಲೂ ಮೊಕದ್ದಮೆ ಹೂಡುವಷ್ಟು ಸಾಕ್ಷ್ಯವಿಲ್ಲವೆಂದು ತನಿಖೆ ಮುಗಿಸುವ ವರದಿ ಸಲ್ಲಿಸಿತು. ಆಗ ಅಂಥ ಚರ್ಚೆಯೂ ಇಲ್ಲ, ಅಬ್ಬರವೂ ಇಲ್ಲ! ಆ ಐದು ವರ್ಷಗಳಲ್ಲಿ ರಿಯಾ ಕಳೆದುಕೊಂಡ ಹೆಸರು, ಅವಕಾಶಗಳನ್ನು ತುಂಬಿಕೊಡುವವರು ಯಾರು? ಆರೋಪವನ್ನು ಬಿತ್ತರಿಸಿದ ಹೊತ್ತಿನಲ್ಲೇ, ಅಷ್ಟೇ ಅವಧಿಗೆ ತನಿಖೆಯ ಅಂತಿಮ ಫಲಿತಾಂಶವನ್ನೂ ಪ್ರಸಾರ ಮಾಡಬೇಕೆಂದು ಮಾಹಿತಿ ಮತ್ತು ಪ್ರಸಾರ ಸಚಿವಾಲಯವು ನಿಯಮ ರೂಪಿಸಲಿ.

– ಒಬ್ಬ ಓದುಗ, ತುಮಕೂರು