ವೆನಿಸ್‌ಗೆ ಹೋದ ಸಿನಿಮಾ ನಮ್ಮ ಜಿಲ್ಲೆಗಳಿಗೂ ಬರಲಿ

ಮಾನ್ಯ ಸಂಪಾದಕರೇ,

ನಿರ್ದೇಶಕ ಗಿರೀಶ ಕಾಸರವಳ್ಳಿ ಅಂದರೆ 'ಅವಾರ್ಡ್ ಸಿನಿಮಾ' ಎಂದು ಮೂಗು ಮುರಿಯುವವರು ಈಗಲೂ ಇದ್ದಾರೆ. ಘಟಶ್ರಾದ್ಧ, ತಬರನ ಕಥೆ, ತಾಯಿ ಸಾಹೇಬ, ದ್ವೀಪ, ಹೀಗೆ ಅವರ ಚಿತ್ರಗಳಿಗೆ ನಾಲ್ಕು ಸಲ ಸ್ವರ್ಣಕಮಲ, ಅಂದರೆ ದೇಶದ ಅತ್ಯುತ್ತಮ ಚಿತ್ರದ ರಾಷ್ಟ್ರಪ್ರಶಸ್ತಿ, ಬಂದದ್ದು ನಿಜ. ಅಷ್ಟಕ್ಕೇ ಅವರನ್ನು ದೂರ ಇಡಬೇಕಾ?

ನಾನು ಸರ್ಕಾರಿ ಕಚೇರಿಯಲ್ಲಿ ಗುಮಾಸ್ತನಾಗಿದ್ದವನು. 1986ರ 'ತಬರನ ಕಥೆ' ನನ್ನನ್ನು ಅಲ್ಲಾಡಿಸಿಬಿಟ್ಟಿತು. ಚಾರುಹಾಸನ್ ಮಾಡಿದ ತಬರ ಪಿಂಚಣಿಗಾಗಿ ಮೇಜಿನಿಂದ ಮೇಜಿಗೆ ಅಲೆಯುತ್ತಾನೆ. ಮನೆಯಲ್ಲಿ ಸಕ್ಕರೆ ಕಾಯಿಲೆಯ ಹೆಂಡತಿಯ ಕಾಲಿನ ಗಾಯ ಕೊಳೆಯುತ್ತಾ ಹೋಗುತ್ತದೆ. ಫೈಲಿಗೆ ಅವಸರವಿಲ್ಲ, ಗಾಯಕ್ಕಿದೆ. ಇಲ್ಲಿ ಮೀಸೆ ತಿರುವುವ ಖಳನಾಯಕ ಇಲ್ಲ. ರೂಲ್ಸ್ ಮಾತಾಡುವವರೇ ಜಾಸ್ತಿ. ಭಯ ಹುಟ್ಟಿಸುವುದೂ ಅದೇ. ಪೂರ್ಣಚಂದ್ರ ತೇಜಸ್ವಿಯವರ ಕಥೆ, ಆದರೆ ಆ ಕಾಯುವಿಕೆಯನ್ನು ಕಣ್ಣಿಗೆ ಕಾಣಿಸಿದ್ದು ಕಾಸರವಳ್ಳಿ.

ತೀರ್ಥಹಳ್ಳಿ ಕಡೆಯ ಈ ಮನುಷ್ಯ ಮಣಿಪಾಲದಲ್ಲಿ ಓದಿದ್ದು ಫಾರ್ಮಸಿ! ಆಮೇಲೆ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್. 'ದ್ವೀಪ'ದಲ್ಲಿ ಅಣೆಕಟ್ಟಿನ ಹಿನ್ನೀರಿಗೆ ಮನೆ ಬಿಡಬೇಕಾದವರ ಪಾಡು ತೋರಿಸಿದರು. ಸೌಂದರ್ಯ ಅವರ ನಟನೆಯನ್ನು ಅಲ್ಲಿ ನೋಡಬೇಕು.

'ಘಟಶ್ರಾದ್ಧ'ದ ಹೊಸದಾಗಿ ಸರಿಪಡಿಸಿದ ಪ್ರತಿ 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ತೆರೆ ಕಂಡಿತು. ಅಲ್ಲಿನವರು ನೋಡಿದ್ದನ್ನು ನಮ್ಮ ಜಿಲ್ಲೆಗಳವರೂ ನೋಡಬೇಕು ಅಲ್ವಾ? ಕರ್ನಾಟಕ ಚಲನಚಿತ್ರ ಅಕಾಡೆಮಿಯವರು ಜಿಲ್ಲಾ ರಂಗಮಂದಿರಗಳಲ್ಲಿ ಒಂದೊಂದು ಭಾನುವಾರ ಈ ಚಿತ್ರಗಳನ್ನು ತೋರಿಸಲಿ. ಸುಮ್ನೆ ಪುಕ್ಕಟೆ ಬೇಡ, ಟಿಕೆಟ್ ಇಡಲಿ. ಕೊಂಡು ನೋಡಲು ನಾವು ತಯಾರಿದ್ದೇವೆ.

– ಒಬ್ಬ ನಿವೃತ್ತ ಗುಮಾಸ್ತ