ರಿಜಿಸ್ಟರ್ ತೆರೆದು ನೋಡಿ, ಸಾಹೇಬರೇ

ಮಾನ್ಯ ಔಷಧ ನಿರೀಕ್ಷಕರಿಗೆ, ಗಂಗಾವತಿಯಿಂದ ನಮಸ್ಕಾರಗಳು.

ಜೂನ್ 26ರ ಮಾದಕವಸ್ತು ವಿರೋಧಿ ದಿನದ ಜಾಥಾ ಚೆನ್ನಾಗಿತ್ತು. ಶಾಲೆ ಮಕ್ಕಳ ಕೈಯಲ್ಲಿ ಗಾಂಜಾ ಬೇಡವೆಂಬ ಫಲಕ. ಅದು ಸಾಗಿದ ದಾರಿಯಲ್ಲೇ ಒಂದು ಮೆಡಿಕಲ್ ಶಾಪ್ ಇದೆ. ನನ್ನ ತಮ್ಮನಿಗೆ ನೋವಿನ ಮಾತ್ರೆಯ ಚಟ ಹತ್ತಿದ್ದು ಅಲ್ಲಿ.

ಅವನು ರೈಸ್ ಮಿಲ್ ಹಮಾಲಿ. 75 ಕೆಜಿ ಭತ್ತದ ಚೀಲ ಹೊತ್ತು ಹೊತ್ತು ಸೊಂಟ ಹೋಯಿತು. ಡಾಕ್ಟರು ಐದು ದಿನಕ್ಕೆಂದು ಟ್ರಮಡಾಲ್ ಬರೆದರು, ಅಫೀಮಿನ ಜಾತಿಯ ನೋವಿನ ಮಾತ್ರೆ. ನೋವಿತ್ತು, ಬರೆದರು, ತಪ್ಪಲ್ಲ. ಆಮೇಲೆ ಚೀಟಿಯೇ ಬೇಕಾಗಲಿಲ್ಲ. ಮುಖ ನೋಡಿದರೆ ಸಾಕು, ಅಂಗಡಿಯವನು ಕತ್ತರಿಯಿಂದ ಶೀಟು ಕತ್ತರಿಸಿ ಕೊಡುತ್ತಿದ್ದ. ಈಗ ಒಂದು ಹೊತ್ತು ತಪ್ಪಿದರೆ ಮೂಗು ಸೋರುತ್ತದೆ, ಭೇದಿ ಹತ್ತುತ್ತದೆ, ಫ್ಯಾನಿನ ಕೆಳಗೂ ಬೆವರು. ಹೆಂಡತಿಯ ಬೆಂಡೋಲೆ ಗಿರವಿಗೆ ಹೋಗಿದೆ. ಮಗ ಕುಡಿಯುವುದಿಲ್ಲ ಎಂಬ ಸಮಾಧಾನದಲ್ಲೇ ಅವ್ವ ಇಷ್ಟು ದಿನ ಇದ್ದಳು.

ಅಮೆರಿಕದ ಕಥೆ ನಿಮಗೆ ಗೊತ್ತಿರುತ್ತದೆ. 1996ರಲ್ಲಿ ಪರ್ಡ್ಯೂ ಕಂಪನಿ ಇದೇ ಜಾತಿಯ ಆಕ್ಸಿಕಾಂಟಿನ್ ಎಂಬ ನೋವಿನ ಮಾತ್ರೆ ಮಾರಲು ಹೊರಟಾಗ, ಚಟ ಹತ್ತುವುದು ನೂರಕ್ಕೆ ಒಬ್ಬರಿಗೂ ಇಲ್ಲವೆಂದು ಡಾಕ್ಟರುಗಳ ತಲೆ ತುಂಬಿದರು. ಆಗ ಎಲ್ಲರೂ ಆಧಾರವೆಂದು ತೋರಿಸುತ್ತಿದ್ದದ್ದು 1980ರಲ್ಲಿ ವೈದ್ಯ ಪತ್ರಿಕೆಯೊಂದರಲ್ಲಿ ಬಂದ ಐದು ವಾಕ್ಯದ ಕಾಗದ. ಅದಾದರೂ ಆಸ್ಪತ್ರೆಯಲ್ಲಿ ಮಲಗಿದ್ದವರ ಲೆಕ್ಕ, ಮಾತ್ರೆ ಮನೆಗೆ ಒಯ್ದವರದ್ದಲ್ಲ. 2007ರಲ್ಲಿ ಕಂಪನಿ ತಪ್ಪೊಪ್ಪಿಕೊಂಡು ಸುಮಾರು 60 ಕೋಟಿ ಡಾಲರ್ ಕಟ್ಟಿತು. ಅಲ್ಲಿ ಡಾಕ್ಟರನ್ನಾದರೂ ನಂಬಿಸಬೇಕಿತ್ತು. ನಮ್ಮಲ್ಲಿ ಡಾಕ್ಟರೇ ಬೇಕಿಲ್ಲ.

ಟ್ರಮಡಾಲ್, ಚೀಟಿ ಇಲ್ಲದೆ ಮಾರಬಾರದ ಔಷಧಗಳ ಎಚ್1 ಪಟ್ಟಿಯಲ್ಲಿದೆ, 2018ರಿಂದ ಮಾದಕವಸ್ತು ತಡೆಯುವ ಎನ್‌ಡಿಪಿಎಸ್ ಕಾಯ್ದೆಗೂ ಸೇರಿದೆ. ಡಾಕ್ಟರ ಹೆಸರು, ರೋಗಿಯ ಹೆಸರು, ಕೊಟ್ಟ ಪ್ರಮಾಣ ಬರೆದ ರಿಜಿಸ್ಟರನ್ನು 3 ವರ್ಷ ಇಡಬೇಕೆಂದು ನಿಮಗೆ ನಾನು ಹೇಳಬೇಕೇ?

ಜಗಳ ತೆಗೆದು ಆ ರಿಜಿಸ್ಟರ್ ತೋರಿಸು ಎಂದೆ. ಪುಣ್ಯಾತ್ಮ ತೋರಿಸಿದ. ಹೋದ ತಿಂಗಳ ಪುಟದಲ್ಲಿ ತಮ್ಮನ ಹೆಸರಿನ ಮುಂದಿದ್ದ ಡಾಕ್ಟರು ಕೊರೊನಾಕ್ಕೂ ಮೊದಲೇ ತೀರಿಕೊಂಡವರು. ಅವರ ಮಣ್ಣಿಗೆ ನಾವೆಲ್ಲ ಹೋಗಿದ್ದೆವು. ಒಂದೇ ಪೆನ್ನು, ಒಂದೇ ಕೈಬರಹ, ಪುಟದ ತುಂಬ ಅವರದೇ ಹೆಸರು. ಸತ್ತ ಮೇಲೂ ಇಷ್ಟು ಪ್ರಾಕ್ಟೀಸ್ ಇರುವ ಡಾಕ್ಟರನ್ನು ಜಿಲ್ಲಾಡಳಿತ ಸನ್ಮಾನಿಸಬೇಕು. ಕೇಳಿದ್ದಕ್ಕೆ ಅಂಗಡಿಯವನು, "ಹೆಸರು ಯಾವ್ದಾದ್ರೇನ್ರೀ, ಯಾರ್ ನೋಡ್ತಾರ?" ಎಂದ. ನಿಜ ಹೇಳಿದ, ಅಷ್ಟೇ.

ನೋಡಿ ಸಾಹೇಬರೇ. ರಿಜಿಸ್ಟರ್ ತೆರೆದು ನೋಡಿ. ಹೋಲ್‌ಸೇಲ್ ಬಿಲ್ಲಿನಲ್ಲಿ ಬಂದ ಶೀಟೆಷ್ಟು, ರಿಜಿಸ್ಟರಿನಲ್ಲಿ ಹೋದದ್ದೆಷ್ಟು, ಬರೆದ ಡಾಕ್ಟರು ಬದುಕಿದ್ದಾರೋ ಇಲ್ಲವೋ, ಇಷ್ಟು ನೋಡಿ ಸಾಕು. ಜಾಥಾ ಮುಂದಿನ ವರ್ಷ ಮಾಡಿದರಾಯಿತು, ಮೊದಲು ರಿಜಿಸ್ಟರ್ ನೋಡಿ. ದಯವಿಟ್ಟು ಫೋನ್ ಮಾಡಿ ತಿಳಿಸಿ ಬರಬೇಡಿ. ನಮ್ಮ ಮಿಲ್ಲಿನ ಹಮಾಲರಿಗೆ ಬಟವಾಡೆ ಶನಿವಾರ. ಅಂದು ಸಂಜೆ ಬಂದರೆ ಪಾಳಿ ಹಚ್ಚಿ ನಿಂತವರೂ ಸಿಗುತ್ತಾರೆ.

ಇತಿ,
ಹಮಾಲನ ಅಣ್ಣ, ಗಂಗಾವತಿ