ಐದು ಗಂಟೆಯ ಟೀಗೆ ಕರೆದವರಿಗೆ

ಮೊನ್ನೆ ಸೋಮವಾರ ನನ್ನ ಪುಸ್ತಕದ ಕೊನೆಯ ಕರಡು ತಿದ್ದಿ ಪ್ರಕಾಶಕರಿಗೆ ಕಳಿಸಿದೆ. ಬ್ರಿಟನ್ನಿನ ಸಾಮಾನ್ಯ ಜನ ದಿನನಿತ್ಯ ಏನು ತಿಂದರು, ಹೇಗೆ ತಿಂದರು ಅನ್ನೋದರ ಚರಿತ್ರೆ ಅದು. ಏಳು ವರ್ಷ ಹಿಡಿಯಿತು. ಜೊತೆಗೆ ನಿಂತವರಿಗೆಲ್ಲ ಇವತ್ತು ಕೈ ಮುಗಿಯಬೇಕು.

ಮೊದಲ ಋಣ ಲೀಡ್ಸ್‌ನಲ್ಲಿ ನಮ್ಮ ಪಕ್ಕದ ಮನೆಯ ಅಜ್ಜಿಯದು. ನಾನು ಬಂದ ಹೊಸದರಲ್ಲಿ "ಐದು ಗಂಟೆಗೆ ಟೀಗೆ ಬಾ" ಅಂದರು. ಟೀ, ಬಿಸ್ಕತ್ತು ಇರುತ್ತೆ ಅಂದುಕೊಂಡು ಮನೆಯಲ್ಲೇ ಊಟ ಮುಗಿಸಿ ಹೋದೆ. ಮೇಜಿನ ಮೇಲೆ ಬೇಯಿಸಿದ ಆಲೂಗಡ್ಡೆ, ಬಟಾಣಿ, ನನಗಾಗಿ ಮಾಂಸ ಹಾಕದೆ ಮಾಡಿದ ಚೀಸ್-ಈರುಳ್ಳಿ ಪೈ! ಉತ್ತರ ಇಂಗ್ಲೆಂಡಿನ ದುಡಿಯುವ ಜನರ ಮನೆಗಳಲ್ಲಿ ಸಂಜೆಯ ಊಟಕ್ಕೇ 'ಟೀ' ಅಂತಾರೆ, ಮಧ್ಯಾಹ್ನದ್ದು 'ಡಿನ್ನರ್'. ದಕ್ಷಿಣದ ಉಳ್ಳವರ ಮನೆಯಲ್ಲಿ ಡಿನ್ನರ್ ಅಂದರೆ ರಾತ್ರಿಯೂಟ. ಒಂದು ಪದದಲ್ಲೇ ಊರು, ದುಡಿಮೆ, ಅಂತಸ್ತು ಎಲ್ಲ ಗೊತ್ತಾಗುತ್ತೆ ಅಲ್ವಾ? ನನ್ನ ಮೊದಲ ಅಧ್ಯಾಯ ಶುರುವಾಗುವುದೇ ಅಲ್ಲಿಂದ.

ಇನ್ನೊಂದು ದಿನ ಅವರು ಹಳೇ ಬಿಸ್ಕತ್ತಿನ ಡಬ್ಬಿಯಿಂದ ತಮ್ಮ ತಾಯಿಯ ರೇಷನ್ ಪುಸ್ತಕ ತೆಗೆದರು. ಮಾಸಲು ರಟ್ಟು, ಮೂಲೆಯಲ್ಲಿ ಜಿಡ್ಡಿನ ಕಲೆ. 1940ರ ಜನವರಿಯಲ್ಲಿ ಶುರುವಾದ ರೇಷನ್ ಪೂರ್ತಿ ಮುಗಿದದ್ದು 1954ರ ಜುಲೈನಲ್ಲಿ, ಎರಡನೇ ಮಹಾಯುದ್ಧ ನಿಂತು ಒಂಬತ್ತು ವರ್ಷಕ್ಕೆ. ಯುದ್ಧ ನಡೆಯುವಾಗ ಇಲ್ಲದಿದ್ದ ಬ್ರೆಡ್ ರೇಷನ್ 1946ರಲ್ಲಿ ಬಂತು. ಅಜ್ಜಿ ತಕ್ಕಡಿ ತಂದು 57 ಗ್ರಾಂ ಟೀ ಪುಡಿ ತೂಗಿ ತಟ್ಟೆಗೆ ಸುರಿದರು. 1940ರ ಜುಲೈನಿಂದ ಒಬ್ಬರಿಗೆ ವಾರಕ್ಕೆ ಅಷ್ಟೇ. "ಅದೇ ಪುಡಿಗೆ ಅಮ್ಮ ಎರಡೆರಡು ಸಲ ಬಿಸಿನೀರು ಹಾಕ್ತಿದ್ದಳು" ಅಂದರು.

2020ರ ಮಾರ್ಚ್‌ನಲ್ಲಿ ಗ್ರಂಥಾಲಯಗಳು ಮುಚ್ಚಿದವು. ಅದೇ ಹೊತ್ತಿಗೆ ನನ್ನ ಸಂಶೋಧನಾ ವೇತನವೂ ನಿಂತಿತು. ಬಿಟ್ಟುಬಿಡೋಣ ಅನ್ನಿಸಿತ್ತು. ಆಗ ಮುಖಪರಿಚಯವೂ ಇಲ್ಲದ ಎಷ್ಟೋ ಜನ ತಮ್ಮ ತಾಯಂದಿರು ಬರೆದಿಟ್ಟ ಅಡುಗೆ ಪುಸ್ತಕಗಳ ಫೋಟೋ ತೆಗೆದು ಕಳಿಸಿದರು. ಒಂದರಲ್ಲಿ ಕೇಕಿಗೆ 'ಮೊಟ್ಟೆ 2' ಅಂತ ಇದ್ದದ್ದನ್ನು ಹೊಡೆದು, ಪೆನ್ಸಿಲ್ಲಿನಲ್ಲಿ 'ಪುಡಿ' ಅಂತ ಬರೆದಿತ್ತು. ರೇಷನ್ ಕಾಲದಲ್ಲಿ ಅಮೆರಿಕದಿಂದ ಬರುತ್ತಿದ್ದ ಒಣ ಮೊಟ್ಟೆಪುಡಿ ಅದು. ಆ ಗೀಟನ್ನು ನೋಡುತ್ತಾ ತುಂಬಾ ಹೊತ್ತು ಸುಮ್ನೆ ಕೂತಿದ್ದೆ. ಮಾರನೇ ದಿನ ಮತ್ತೆ ಬರೆಯೋಕೆ ಶುರು ಮಾಡಿದೆ.

ಬ್ರೈಟನ್ನಿನ 'ದಿ ಕೀಪ್' ಅನ್ನೋ ಹಳೇ ದಾಖಲೆಗಳ ಸಂಗ್ರಹಾಲಯದ ಸಿಬ್ಬಂದಿಗೂ ವಂದನೆ. ಬ್ರಿಟನ್ನಿನ ಜನರ ದಿನನಿತ್ಯದ ಬದುಕನ್ನು ದಾಖಲಿಸೋಕೆ 1937ರಲ್ಲಿ ಶುರುವಾದ ಮಾಸ್ ಅಬ್ಸರ್ವೇಷನ್ ಅನ್ನೋ ಯೋಜನೆಗೆ ಜನಸಾಮಾನ್ಯರು ಬರೆದುಕೊಟ್ಟ ದಿನಚರಿಗಳು ಅಲ್ಲಿವೆ. ಬೇಸರಿಸದೆ ಪೆಟ್ಟಿಗೆ ಮೇಲೆ ಪೆಟ್ಟಿಗೆ ತಂದುಕೊಟ್ಟರು.

"ಮಾಂಸ ತಿನ್ನದ ನಮ್ಮಂಥವರು ಆಗ ಏನು ಮಾಡ್ತಿದ್ರೋ?" ಅಂತ ಫೋನಿನಲ್ಲಿ ಕೇಳಿದ್ದು ಅಮ್ಮ. ನನಗೆ ಹೊಳೆದೇ ಇರಲಿಲ್ಲ. ಸಸ್ಯಾಹಾರಿ ಅಂತ ಹೆಸರು ಬರೆಸಿದವರು ಮಾಂಸದ ಪಾಲು ಬಿಟ್ಟುಕೊಟ್ಟು ಚೀಸ್ ಜಾಸ್ತಿ ಪಡೆಯಬಹುದಿತ್ತಂತೆ. ಆ ಅಧ್ಯಾಯ ಅಮ್ಮನದೇ.

ಅಜ್ಜಿಗೆ ಈಗ ಕಣ್ಣು ಅಷ್ಟಾಗಿ ಕಾಣಿಸುವುದಿಲ್ಲ. ಶನಿವಾರ ಐದು ಗಂಟೆಗೆ ಹೋಗಿ, ಅವರ ಅಮ್ಮನ ಟೀ ಪುಡಿಯ ಪುಟವನ್ನು ಓದಿ ಹೇಳುತ್ತೇನೆ.